ಗ್ಯಾಂಗ್‌ಸ್ಟರ್ ಕಥೆಗೆ ನಮ್ಮೂರಿನ ಮಣ್ಣು ಹತ್ತಬೇಕಾದರೆ

ಜಮಖಂಡಿ ಕಡೆಯ ಹುಡುಗರು ತಾವು ಬರೆದ ವೆಬ್ ಸೀರೀಸ್ ಕಥೆ ತಂದು ತೋರಿಸುತ್ತಾರೆ. ಮೊದಲ ಪುಟದಲ್ಲೇ ಪಿಸ್ತೂಲು, ಕಪ್ಪು ಕಾರು, ನಡುಬೀದಿಯಲ್ಲಿ ಹೆಣ. ನಾನು ಮೊದಲು ಕೇಳುವುದು ಒಂದೇ: ನಿಮ್ಮ ಡಾನ್‌ಗೆ ರೊಕ್ಕ ಎಲ್ಲಿಂದ ಬರುತ್ತದೆ?

ಅಲ್ಲಿಂದಲೇ ಶುರು ಮಾಡಿ. 2018ರಲ್ಲಿ ಬಂದ ‘ಮಿರ್ಜಾಪುರ್’ ನೋಡಿದ್ದೀರಲ್ವಾ? ಅದರ ಡಾನ್ ಹೊರಗಿನವರಿಗೆ ಕಾರ್ಪೆಟ್ ವ್ಯಾಪಾರಿ. ಮಿರ್ಜಾಪುರ, ಭದೋಹಿ ಕಡೆ ನಿಜವಾಗಿಯೂ ಕಾರ್ಪೆಟ್ ನೇಯುತ್ತಾರೆ. ಅದಕ್ಕೇ ಆ ಮನುಷ್ಯ ಆ ಊರಿನವನೇ ಅನ್ನಿಸುತ್ತಾನೆ. ಅದೇ ವೇಷ ತೊಡಿಸಿ ಬಾಗಲಕೋಟೆ ಜಿಲ್ಲೆಗೆ ತಂದರೆ ನಿಲ್ಲುವುದಿಲ್ಲ. ನಮ್ಮಲ್ಲಿ ರೊಕ್ಕ, ರಾಜಕೀಯ ಎರಡೂ ಕಬ್ಬಿನ ಸುತ್ತ ತಿರುಗುತ್ತವೆ.

ಈಗ ಆ ರೊಕ್ಕ ಯಾರ ಕೈಯಲ್ಲಿ ನಿಲ್ಲುತ್ತದೆ ನೋಡಿ. ನಮ್ಮ ಅಪ್ಪ ಒಂದು ವರ್ಷ ಸೊಸೈಟಿ ಎಲೆಕ್ಷನ್ನಿನಲ್ಲಿ ಎದುರಿನ ಪ್ಯಾನೆಲ್‌ನಿಂದ ನಿಂತಿದ್ದರು. ಆ ಸಲ ನಮ್ಮ ಕಬ್ಬಿಗೆ ಕಡಿಯುವ ಪಾಳಿಯೇ ಬರಲಿಲ್ಲ. ಕಾರ್ಖಾನೆಯ ಫೀಲ್ಡ್‌ಮನ್ ಬೈಕ್ ಮೇಲೆ ಬರುತ್ತಿದ್ದ. ಬದುವಿನ ಮೇಲೆ ಕೂತು ಅವ್ವ ಕೊಟ್ಟ ಚಹಾ ಕುಡಿಯುತ್ತಿದ್ದ.

“ನಮ್ಮ ಪಾಳಿ ಯಾವಾಗ್ರಿ ಸಾಹೇಬ್ರ?”

“ಬರತೈತಿ ತಗೋರಿ ಕಾಕಾ. ಕಬ್ಬು ಕಡಿಯೋ ಗ್ಯಾಂಗ್ ಕಮ್ಮಿ ಅದಾವ.”

ಪಕ್ಕದ ಹೊಲದಲ್ಲೇ ಗ್ಯಾಂಗ್ ಕಬ್ಬು ಕಡಿಯುತ್ತಿತ್ತು. ನಮ್ಮ ಕಬ್ಬಿನ ತಲೆಯ ಮೇಲೆ ಬಿಳಿ ಹೂವು ಬಂದಿತ್ತು. ದಿನ ಹೋದಂತೆ ತೂಕ ಇಳಿಯುತ್ತದೆ. ಅಪ್ಪ ರವದಿಯನ್ನು, ಅಂದರೆ ಕಬ್ಬಿನ ಒಣಗಿದ ಎಲೆಯನ್ನು, ಕೈಯಲ್ಲಿ ಮುರಿಯುತ್ತ ನಿಂತಿದ್ದರು. ಯಾರೂ ಬೈಯಲಿಲ್ಲ, ಯಾರೂ ಹೊಡೆಯಲಿಲ್ಲ. ನಿಮ್ಮ ವಿಲನ್ ಹೀಗೇ ಇರಲಿ. ಅವನು ಕಾಯಿಸಲಿ, ಅಷ್ಟೇ.

ಕಬ್ಬಿನ ಬಿಲ್ಲನ್ನೂ ಕಥೆಗೆ ತನ್ನಿ. 1966ರ ಕಬ್ಬು ನಿಯಂತ್ರಣ ಆದೇಶದ ಪ್ರಕಾರ ಕಬ್ಬು ಕೊಟ್ಟ 14 ದಿನದೊಳಗೆ ರೈತನಿಗೆ ರೊಕ್ಕ ಸಿಗಬೇಕು. ತಡವಾದರೆ ವರ್ಷಕ್ಕೆ ಶೇ. 15ರಂತೆ ಬಡ್ಡಿ ಕೊಡಬೇಕು. ಆ 15ನೇ ದಿನದಿಂದ ಮಗಳ ಮದುವೆ ಗೊತ್ತು ಮಾಡಿದವನ ಮನೆಯಲ್ಲಿ ಏನಾಗುತ್ತದೆ ಅಂತ ಬರೆಯಿರಿ. ಒಂದಿಡೀ ಎಪಿಸೋಡ್ ಅಲ್ಲೇ ಇದೆ.

ಮಾತು ಮೆತ್ತಗಿರಲಿ. ನಮ್ಮ ಕಡೆ ನಿಜವಾಗಿ ಹೆದರಿಸುವವನು ‘ಲೇ’ ಅನ್ನುವುದು ಕಡಿಮೆ. “ಬರ್ರಿ ಅಣ್ಣಾರ, ಕುಂಡ್ರಿ, ಚಾ ಕುಡೀರಿ” ಅನ್ನುತ್ತಾನೆ. ಎದುರಿನವನ ಕೈಯಲ್ಲಿ ಕಪ್ಪು-ಬಸಿ ಸಪ್ಪಳ ಮಾಡುತ್ತದೆ.

ಪೊಲೀಸ್, ಕೋರ್ಟ್ ವಿಷಯದಲ್ಲಿ ಸುಮ್ನೆ ಊಹೆ ಬೇಡ. 2024ರ ಜುಲೈ 1ರ ನಂತರ ನಡೆದ ಕೊಲೆಗೆ ಹಳೆಯ ಐಪಿಸಿಯ ಸೆಕ್ಷನ್ 302 ಹಾಕಬೇಡಿ, ಈಗ ಅದು ಭಾರತೀಯ ನ್ಯಾಯ ಸಂಹಿತೆಯ 103. ಹಿಡಿದವನನ್ನು ದಾರಿಯ ಸಮಯ ಬಿಟ್ಟು 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟ್ ಮುಂದೆ ನಿಲ್ಲಿಸಬೇಕು. ಠಾಣೆಯಲ್ಲಿ ‘ನಾನೇ ಕೊಂದೆ’ ಅಂದ ಮಾತೊಂದನ್ನೇ ಹಿಡಿದು ಶಿಕ್ಷೆ ಕೊಡಿಸಬೇಡಿ.

ಇಷ್ಟಾದ ಮೇಲೆ, ಕಬ್ಬು ಅರೆಯುವ ಹಂಗಾಮು ಜೋರಿದ್ದಾಗ ಒಂದು ರಾತ್ರಿ ಕಾರ್ಖಾನೆ ಗೇಟಿಗೆ ಹೋಗಿ. ಟ್ರ್ಯಾಕ್ಟರ್‌ಗಳ ಸಾಲು ಇರುತ್ತದೆ. ಟ್ರೇಲರ್ ಕೆಳಗೆ ಚಾದರ ಹೊದ್ದು ಡ್ರೈವರ್‌ಗಳು ಮಲಗಿರುತ್ತಾರೆ. ಯಾರ ಗಾಡಿ ಸಾಲು ಬಿಟ್ಟು ಮುಂದೆ ಹೋಯಿತು, ಗೇಟಿನವನು ಯಾರನ್ನು ಕಂಡು ಎದ್ದು ನಿಂತ, ಅಷ್ಟನ್ನು ಮಾತ್ರ ಬರೆದುಕೊಂಡು ಬನ್ನಿ.