ಎಸ್ಪ್ರೆಸೊ ಮಷಿನ್‌ಗೆ ಫಿಲ್ಟರ್ ಹಾಕುವ ಮುಂಚೆ ನಿಮ್ಮ ಮನೆ ನೀರು ಎಂಥದು ನೋಡಿ

ಅಡಿಕೆಗೆ ಒಳ್ಳೆ ರೇಟು ಬಂದ ವರ್ಷ ತಗೊಂಡದ್ದೋ, ಬೆಂಗಳೂರಿನಲ್ಲಿರುವ ಮಕ್ಕಳು ತಂದುಕೊಟ್ಟದ್ದೋ, ಒಟ್ಟಿನಲ್ಲಿ ನಮ್ಮ ಮಲೆನಾಡಿನ ಕಡೆಯ ಅಡುಗೆಮನೆಗಳಲ್ಲೂ ಈಗ ಎಸ್ಪ್ರೆಸೊ ಕಾಫಿ ಮಷಿನ್ ಬಂದು ಕೂತಿದೆ. ಅದರ ಡಬ್ಬಿಯಲ್ಲಿ ಅನೇಕ ಸಲ ಒಂದು ಸಣ್ಣ ಪ್ಲಾಸ್ಟಿಕ್ ಕಾರ್ಟ್ರಿಜ್ ಇರುತ್ತದೆ, ನೀರಿನ ಟ್ಯಾಂಕಿನ ತಳದಲ್ಲಿ ಸಿಕ್ಕಿಸುವಂಥದ್ದು. ಕೆಲವರು ಇದೇನೋ ಎಕ್ಸ್‌ಟ್ರಾ ಸಾಮಾನು ಅಂತ ಡ್ರಾಯರ್‌ಗೆ ಹಾಕಿಬಿಡುತ್ತಾರೆ. ಇನ್ನು ಕೆಲವರು ಮೊದಲ ದಿನ ಸಿಕ್ಕಿಸಿದ್ದನ್ನು ವರ್ಷ ಕಳೆದರೂ ತೆಗೆಯುವುದಿಲ್ಲ. ನನ್ನ ಪ್ರಕಾರ ಎರಡನೆಯದೇ ಹೆಚ್ಚು ಕೆಟ್ಟದ್ದು. ಫಿಲ್ಟರ್ ಇಲ್ಲದವರಿಗೆ ಕನಿಷ್ಠ ಮಷಿನ್ ಕಡೆ ಒಂದು ಕಣ್ಣಾದರೂ ಇರುತ್ತದೆ, ಹಳೇ ಫಿಲ್ಟರ್ ಇಟ್ಟುಕೊಂಡವರು ಎಲ್ಲ ಸರಿ ಇದೆ ಅಂದುಕೊಂಡು ಸುಮ್ನೆ ಇರುತ್ತಾರೆ.

ಆ ಕಾರ್ಟ್ರಿಜ್ ಮಾಡುವ ಕೆಲಸ ಇಷ್ಟೇ. ಒಳಗಿರುವ ಇದ್ದಿಲು ನೀರಿನ ಕ್ಲೋರಿನ್ ಹಿಡಿದುಕೊಳ್ಳುತ್ತದೆ. ಅದರ ಜೊತೆ ಸಾಸಿವೆಗಿಂತ ಸಣ್ಣ ರೆಸಿನ್ ಕಾಳುಗಳಿರುತ್ತವೆ, ಅವು ಗಡಸು ನೀರಿನ ಕ್ಯಾಲ್ಸಿಯಂ, ಮೆಗ್ನೀಸಿಯಂ ಅನ್ನು ತಾವು ಹಿಡಿದುಕೊಂಡು ಬದಲಿಗೆ ಬೇರೆ ಅಯಾನು (ವಿದ್ಯುತ್ ಅಂಶ ಹೊತ್ತ ಕಣ) ಬಿಟ್ಟುಕೊಡುತ್ತವೆ. ಹೀಗೆ ಹಿಡಿಯದೆ ಬಿಟ್ಟರೆ ಏನಾಗುತ್ತದೆ ಅನ್ನುವುದನ್ನು ಗಡಸು ನೀರಿನ ಊರಲ್ಲಿ ಗೀಜರ್ ಕಾಯಿಲ್ ಬಿಚ್ಚಿ ನೋಡಿದವರಿಗೆ ಹೇಳಬೇಕಾಗಿಲ್ಲ. ನೀರು ಕಾದಾಗ ಅದರಲ್ಲಿದ್ದ ಬೈಕಾರ್ಬೊನೇಟ್ ಒಡೆದು ಬಿಳಿ ಸುಣ್ಣ ಕಾದ ಲೋಹಕ್ಕೆ ಅಂಟುತ್ತದೆ. ಗೀಜರ್‌ನಲ್ಲಿ ಜಾಗ ಇರುತ್ತದೆ, ತಡೆದುಕೊಳ್ಳುತ್ತದೆ. ಎಸ್ಪ್ರೆಸೊ ಮಷಿನ್‌ನಲ್ಲಿ ನೀರು ಹೋಗುವ ದಾರಿಯೇ ಕಿರಿದು, ವಾಲ್ವಿನ ತೂತಂತೂ ಇನ್ನೂ ಸಣ್ಣದು, ಒಂದು ಚೂರು ಸುಣ್ಣ ಸಿಕ್ಕಿಕೊಂಡರೂ ಸಾಕು.

ಈ ಕಾರ್ಟ್ರಿಜ್ ಮಾಡದೇ ಇರುವ ಕೆಲಸವೂ ಗೊತ್ತಿರಲಿ. ಇದು ರೋಗಾಣು ಕೊಲ್ಲುವುದಿಲ್ಲ. ಕುಡಿಯಲು ಆಗದ ನೀರನ್ನು ಕುಡಿಯುವ ನೀರು ಮಾಡುವುದಿಲ್ಲ. ಕೆಸರು, ಕಬ್ಬಿಣದ ಅಂಶ ಇದರ ತಲೆಗೆ ಕಟ್ಟಿದರೆ ಬೇಗ ಹಾಳಾಗುತ್ತದೆ.

ಮೊದಲು ನೀರಿನ ವಿಚಾರ

ಇಂಥ ಮಷಿನ್‌ಗಳ ಪುಸ್ತಕದಲ್ಲಿ ಬರೆದದ್ದು ಬಹುಮಟ್ಟಿಗೆ ಯುರೋಪಿನ ಗಡಸು ನೀರನ್ನು ಮನಸ್ಸಲ್ಲಿಟ್ಟುಕೊಂಡು. ಮಲೆನಾಡಿನ ನೀರು ಬೇರೆ. ಶಿವಮೊಗ್ಗ ಪೇಟೆಯ ನಲ್ಲಿಯಲ್ಲಿ ಬರುವುದು ತುಂಗೆಯ ನೀರು, ಘಟ್ಟದ ಮಳೆ ನೀರೇ ಗಾಜನೂರಲ್ಲಿ ನಿಂತು ಬಂದದ್ದು. ಅದರಲ್ಲಿ ಗಡಸು ಕಡಿಮೆ. ಅದರ ತೊಂದರೆ ಎರಡು, ಕ್ಲೋರಿನ್ ವಾಸನೆ ಮತ್ತು ಮಳೆಗಾಲದ ಕೆಂಪು. ತೀರ್ಥಹಳ್ಳಿ, ಹೊಸನಗರ, ಸಾಗರದ ಕಡೆ ಗುಡ್ಡದಿಂದ ಪೈಪಲ್ಲಿ ಇಳಿದು ಬರುವ ಅಬ್ಬಿ ನೀರು ಇನ್ನೂ ಮೆದು, ಸೋಪು ಹಚ್ಚಿದರೆ ತೊಳೆದಷ್ಟೂ ಜಾರುತ್ತದೆ ಅಲ್ವಾ, ಅಂಥ ನೀರು. ಅದರಲ್ಲಿ ಬರುವುದು ಎಲೆ, ಮರಳು, ಕೆಲವೊಮ್ಮೆ ಮರಿ ಏಡಿ. ಬೋರ್‌ವೆಲ್ ಮಾತ್ರ ನಂಬುವಂತಿಲ್ಲ, ಒಂದೇ ಕೇರಿಯ ಎರಡು ಬೋರಿನ ನೀರು ಬೇರೆ ಬೇರೆ ಇರಬಹುದು. ಶಿಕಾರಿಪುರದ ಕಡೆ, ಬಯಲುಸೀಮೆಗೆ ಹತ್ತಿರ ಹೋದ ಹಾಗೆ ಗಡಸು ಬರುವ ಸಾಧ್ಯತೆ ಜಾಸ್ತಿ. ಘಟ್ಟದ ಕಡೆ ಬೋರಿನಲ್ಲಿ ಕಬ್ಬಿಣ.

ಕಬ್ಬಿಣ ಇದೆಯೋ ಇಲ್ಲವೋ ತಿಳಿಯಲು ಲ್ಯಾಬ್ ಬೇಡ. ಎತ್ತಿದಾಗ ತಿಳಿಯಾಗಿದ್ದ ನೀರು ಬಿಳಿ ಬಕೆಟ್‌ನಲ್ಲಿ ಬೆಳಗಿನವರೆಗೆ ಇಟ್ಟರೆ ತಳದಲ್ಲಿ ಕೆಂಪು ಕೂತಿದೆಯಾ ನೋಡಿ. ಅದೇ ನೀರಲ್ಲಿ ಹಾಲು ಹಾಕದ ಚಹಾ ಮಾಡಿದರೆ ಬಣ್ಣ ಕಪ್ಪಿಗೆ ತಿರುಗುತ್ತದೆ. ಚಹಾದ ಒಗರಿಗೆ ಕಬ್ಬಿಣ ಸೇರಿದರೆ ಆಗುವುದೇ ಹಾಗೆ.

ಗಡಸು ಎಷ್ಟಿದೆ ಅನ್ನುವುದಕ್ಕೆ ಟಿಡಿಎಸ್ ಮೀಟರ್ ನಂಬಬೇಡಿ. ಅದು ನೀರಲ್ಲಿ ಕರಗಿದ್ದೆಲ್ಲವನ್ನೂ ಸೇರಿಸಿ ಅಂದಾಜು ಹೇಳುತ್ತದೆ, ಅದರಲ್ಲಿ ಕ್ಯಾಲ್ಸಿಯಂ ಎಷ್ಟು, ಉಪ್ಪು ಎಷ್ಟು ಅದಕ್ಕೆ ಗೊತ್ತಿಲ್ಲ. ಅಕ್ವೇರಿಯಂ ಅಂಗಡಿಯಲ್ಲಿ ಸಿಗುವ ಜಿಎಚ್ (ಒಟ್ಟು ಗಡಸು) ಟೆಸ್ಟ್ ಕಿಟ್ ವಾಸಿ. ಗಾಜಿನ ನಳಿಗೆಯಲ್ಲಿ ಗೆರೆಯವರೆಗೆ, ಸಾಮಾನ್ಯವಾಗಿ 5 ಮಿಲಿ, ನೀರು ಹಾಕಿ. ಔಷಧಿಯನ್ನು ಒಂದೊಂದೇ ಹನಿ ಬಿಟ್ಟು ಪ್ರತಿ ಸಲವೂ ಅಲ್ಲಾಡಿಸಿ, ಬಣ್ಣ ಬದಲಾಗುವವರೆಗೆ ಹನಿ ಎಣಿಸಿ. ಇಂಥ ಕಿಟ್‌ಗಳಲ್ಲಿ ಒಂದು ಹನಿ ಅಂದರೆ ಒಂದು ಡಿಗ್ರಿ, ಅಂದರೆ ಲೀಟರಿಗೆ 17.8 ಮಿಲಿಗ್ರಾಂ ಗಡಸು. ಮೂರು ಹನಿಗೆ ಬಣ್ಣ ತಿರುಗಿದರೆ 53ರ ಹತ್ತಿರ, ಹನ್ನೆರಡು ಹನಿ ಬೇಕಾದರೆ 214.

ಈ ಅಂಕಿಗೆ ಅರ್ಥ ಏನು? ಕುಡಿಯುವ ನೀರಿನ ಭಾರತೀಯ ಮಾನಕ ಐಎಸ್ 10500 ಪ್ರಕಾರ ಲೀಟರಿಗೆ 200 ಮಿಲಿಗ್ರಾಂವರೆಗಿನ ಗಡಸು ಸರಿ, ಬೇರೆ ನೀರೇ ಇಲ್ಲದಿದ್ದರೆ 600ರವರೆಗೂ ಒಪ್ಪುತ್ತಾರೆ. ಆದರೆ ಸ್ಪೆಷಾಲಿಟಿ ಕಾಫಿಯವರ ಮಾನದಂಡದಲ್ಲಿ ಕ್ಯಾಲ್ಸಿಯಂ ಗಡಸು 68ರ ಸುತ್ತಮುತ್ತ ಇರಬೇಕು. ನಮಗೆ ಕುಡಿಯಲು ಏನೂ ತೊಂದರೆ ಇಲ್ಲದ ನೀರು ಮಷಿನ್ ಪಾಲಿಗೆ ಗಡಸೇ.

ನನ್ನ ಲೆಕ್ಕ ಹೀಗೆ. ನಾಲ್ಕು ಹನಿಯ ಒಳಗಿದ್ದರೆ ಗಡಸು ತೆಗೆಯುವ ರೆಸಿನ್ ಕಾರ್ಟ್ರಿಜ್‌ಗೆ ದುಡ್ಡು ಹಾಕುವುದು ಬೇಡ. ಅಬ್ಬಿ ನೀರಿನಂಥ ಮೆದು ನೀರಿಗೆ ಅದನ್ನು ಹಾಕಿದರೆ ಇರುವ ಚೂರುಪಾರು ಖನಿಜವೂ ಹೋಗಿ ಕಾಫಿ ಸಪ್ಪೆಯಾಗುತ್ತದೆ, ಕೆಲವು ಬಗೆಯ ರೆಸಿನ್ ನೀರನ್ನು ಇನ್ನಷ್ಟು ಆಮ್ಲೀಯವನ್ನೂ ಮಾಡುತ್ತದೆ, ಅದು ತಾಮ್ರ ಹಿತ್ತಾಳೆಯ ಭಾಗಗಳಿಗೆ ಒಳ್ಳೆಯದಲ್ಲ. ನಲ್ಲಿ ನೀರಿನ ಕ್ಲೋರಿನ್ ಅಷ್ಟೇ ಸಮಸ್ಯೆ ಅಂದರೆ ರಾತ್ರಿ ಅಗಲದ ಪಾತ್ರೆಯಲ್ಲಿ ತೆಳುಬಟ್ಟೆ ಮುಚ್ಚಿಟ್ಟರೆ ಬಹುಪಾಲು ಹಾರಿಹೋಗುತ್ತದೆ. ಐದು ಹನಿ ದಾಟಿದರೆ ಕಾರ್ಟ್ರಿಜ್ ಹಾಕಿ. ಹನ್ನೆರಡು ದಾಟಿದರೆ ಆ ಪುಟ್ಟ ಕಾರ್ಟ್ರಿಜ್ ಒಂದರಿಂದಲೇ ಆಗುವ ಕೆಲಸ ಅಲ್ಲ, ಬೇಗ ಸೋತುಹೋಗುತ್ತದೆ. ಮನೆಯಲ್ಲಿ ಆರ್‌ಓ ಇದ್ದರೆ ಅದರ ನೀರು ಎರಡು ಪಾಲು, ಬೋರಿನ ನೀರು ಒಂದು ಪಾಲು ಬೆರೆಸಿ, ಹನ್ನೆರಡು ಇದ್ದದ್ದು ನಾಲ್ಕರ ಹತ್ತಿರ ಬರುತ್ತದೆ. ಬರೀ ಆರ್‌ಓ ನೀರು ಮಾತ್ರ ಬೇಡ. ರುಚಿ ಹೋಗುವುದು ಒಂದು ಕಡೆ, ಬಾಯ್ಲರ್‌ನಲ್ಲಿ ನೀರಿನ ಮಟ್ಟ ತಿಳಿಯಲು ಸೆನ್ಸರ್ ಕಡ್ಡಿ ಇರುವ ಮಷಿನ್‌ಗಳಿಗೆ ಖನಿಜ ತೀರಾ ಕಡಿಮೆಯಾದರೆ ನೀರು ಇರುವುದೇ ಗೊತ್ತಾಗುವುದಿಲ್ಲ.

ಕೆಸರು ಇದ್ದವರಿಗೆ ಒಂದು ಕೆಲಸ ಮೊದಲು

ಬೋರ್, ಬಾವಿ, ಅಬ್ಬಿ ನೀರಿನವರು ಮಷಿನ್ ಫಿಲ್ಟರ್‌ಗೆ ಮುಂಚೆ ಅಡುಗೆಮನೆ ಲೈನಿಗೆ ಒಂದು ಪ್ರೀ ಫಿಲ್ಟರ್ ಕೂರಿಸಿ. 10 ಇಂಚಿನ ಹೌಸಿಂಗ್ (ಹೊರಗಿನ ಡಬ್ಬ), ಒಳಗೆ ಕೆಸರು ಸೋಸುವ 5 ಮೈಕ್ರಾನ್‌ನ ಸ್ಪನ್ ಕ್ಯಾಂಡಲ್, ಆರ್‌ಓ ಸಾಮಾನು ಮಾರುವ ಅಂಗಡಿಯಲ್ಲಿ ಕೇಳಿದರೆ ಕೊಡುತ್ತಾರೆ. ವಾಲ್ವ್ ಬಂದ್ ಮಾಡಿ, ಹೌಸಿಂಗ್ ತಲೆಯ ಮೇಲಿನ ಬಾಣದ ಗುರುತು ನೀರು ಹರಿಯುವ ಕಡೆಗೇ ಇರುವಂತೆ ಜೋಡಿಸಿ, ತಿರುಪಿನ ಗೆರೆಗಳಿಗೆ ಟೆಫ್ಲಾನ್ ಟೇಪ್ ಸುತ್ತಿ. ಕೆಳಗಿನ ಬಟ್ಟಲು ತಿರುಗಿಸುವ ಮುಂಚೆ ರಬ್ಬರ್ ರಿಂಗ್ ಅದರ ತೋಡಿನಲ್ಲಿ ಸರಿಯಾಗಿ ಕೂತಿದೆಯಾ ಬೆರಳಾಡಿಸಿ ನೋಡಿ, ಸೋರುವುದು ಹೆಚ್ಚಾಗಿ ಅಲ್ಲೇ. ಹಾಕುವಾಗ ಹಾಲಿನಂತೆ ಬೆಳ್ಳಗಿದ್ದ ಕ್ಯಾಂಡಲ್ ಆಷಾಢದ ಮಳೆ ಹಿಡಿದು ಸ್ವಲ್ಪ ದಿನಕ್ಕೆ ಇಟ್ಟಿಗೆ ಬಣ್ಣಕ್ಕೆ ತಿರುಗಿರುತ್ತದೆ. ಇದು ಇಲ್ಲದಿದ್ದರೆ ಆ ಕೆಂಪೆಲ್ಲ ಮಷಿನ್ ಒಳಗೆ ಹೋಗುತ್ತಿತ್ತು. ಬಣ್ಣ ತಿರುಗಿ ನೀರಿನ ರಭಸ ಕಡಿಮೆಯಾದಾಗ ಬದಲಿಸಿ. ನೀರಲ್ಲಿ ಕರಗಿರುವ ಕಬ್ಬಿಣ ಇದರಲ್ಲಿ ಪೂರ್ತಿ ನಿಲ್ಲುವುದಿಲ್ಲ, ಅಂಥವರು ಕಾಫಿಗೆ ಬೇರೆ ನೀರು ಬಳಸುವುದೇ ಸುಲಭ.

ಈಗ ಕಾರ್ಟ್ರಿಜ್ ಕೂರಿಸುವುದು

ಮಷಿನ್ ಹೊಸದಾದರೆ ನೇರ ಶುರು ಮಾಡಬಹುದು. ಫಿಲ್ಟರ್ ಇಲ್ಲದೆ ಕೆಲವು ತಿಂಗಳು ಓಡಿದ್ದರೆ ಮೊದಲು ಡಿಸ್ಕೇಲ್ ಮಾಡಿ (ಅಂದರೆ ಒಳಗೆ ಕಟ್ಟಿದ ಸುಣ್ಣ ತೆಗೆಯಿರಿ), ಆಮೇಲೆ ಫಿಲ್ಟರ್. ಆಗಲೇ ಕಟ್ಟಿದ ಸುಣ್ಣವನ್ನು ಫಿಲ್ಟರ್ ಕರಗಿಸುವುದಿಲ್ಲ.

ಟ್ಯಾಂಕ್ ತೆಗೆದು ತೊಳೆಯಿರಿ. ಕಾರ್ಟ್ರಿಜ್ ತಲೆ ಮೇಲೆ ತಿಂಗಳು ತೋರಿಸುವ ಚಕ್ರ ಇದ್ದರೆ ಈಗಲೇ ತಿರುಗಿಸಿ ಇಡಿ, ಇಲ್ಲದಿದ್ದರೆ ಟ್ಯಾಂಕಿನ ಹಿಂದೆ ತಾರೀಕು ಬರೆದ ಟೇಪ್ ಅಂಟಿಸಿ.

ಇನ್ನು ನೆನೆಸುವುದು. ಅವಸರ ಮಾಡುವವರು ಇಲ್ಲಿಯೇ ಕೈ ಸುಟ್ಟುಕೊಳ್ಳುತ್ತಾರೆ. ಒಣ ಕಾರ್ಟ್ರಿಜ್ ಒಳಗೆ ತುಂಬಾ ಗಾಳಿ ಇರುತ್ತದೆ. ಡೆಲೋಂಗಿ ಕಂಪನಿಯ ಬಗೆಯದಾದರೆ ಅದರ ನಡುವಿನ ತೂತಿಗೆ ನಲ್ಲಿ ನೀರು ಬಿಟ್ಟು, ಪಕ್ಕದ ಕಿಂಡಿಗಳಿಂದ ನೀರು ಹೊರಗೆ ಬರುವ ತನಕ, ಒಂದು ನಿಮಿಷಕ್ಕಿಂತ ಹೆಚ್ಚು ಹಿಡಿಯಬೇಕು. ಆಮೇಲೆ ತಣ್ಣೀರಲ್ಲಿ ಓರೆಯಾಗಿ ಮುಳುಗಿಸಿ ಸ್ವಲ್ಪ ಒತ್ತಬೇಕು. ಫಿಲಿಪ್ಸ್‌ನ ಆಕ್ವಾಕ್ಲೀನ್ ಆದರೆ ಐದು ಸೆಕೆಂಡು ಅಲ್ಲಾಡಿಸಿ ತಲೆಕೆಳಗಾಗಿ ನೀರಲ್ಲಿ ಮುಳುಗಿಸಿಡಬೇಕು. ಯಾವುದೇ ಆಗಲಿ, ಸ್ಟೀಲ್ ಪಾತ್ರೆಯಲ್ಲಿ ಮುಳುಗಿಸಿ ಕಣ್ಣಿಟ್ಟು ನೋಡಿ. ಮೊದಲು ಗುಳುಗುಳು ಅಂತ ದೊಡ್ಡ ಗುಳ್ಳೆ ಬರುತ್ತವೆ, ಆಮೇಲೆ ಕಿಂಡಿಯಿಂದ ಸೂಜಿ ತಲೆಯಷ್ಟು ಸಣ್ಣವು ಒಂದರ ಹಿಂದೆ ಒಂದು ಸಾಲು ಹಿಡಿಯುತ್ತವೆ, ಕೊನೆಗೆ ಬೆರಳಿಂದ ತಟ್ಟಿದರೂ ಏನೂ ಬರುವುದಿಲ್ಲ. ಆಗ ತೆಗೆಯಿರಿ. ಬಿಸಿನೀರಲ್ಲಿ ನೆನೆಸಬೇಡಿ.

ಟ್ಯಾಂಕ್ ತಳದ ಜಾಗಕ್ಕೆ ಇಟ್ಟು ಗಟ್ಟಿಯಾಗಿ ಒತ್ತಿ. ಓರೆಯಾಗಿ ಕೂತರೆ ನೀರು ಫಿಲ್ಟರ್ ಒಳಗೆ ಹೋಗದೆ ಪಕ್ಕದಿಂದ ನುಸುಳುತ್ತದೆ, ಫಿಲ್ಟರ್ ಇದ್ದೂ ಇಲ್ಲದ ಹಾಗೆ. ಟ್ಯಾಂಕ್ ತುಂಬಿಸಿ, ಸ್ಟೀಮ್ ಕೊಳವೆ ಅಥವಾ ಬಿಸಿನೀರಿನ ಬಾಯಿಯ ಕೆಳಗೆ ದೊಡ್ಡ ಪಾತ್ರೆ ಇಟ್ಟು ಅರ್ಧ ಲೀಟರ್ ನೀರು ಹರಿಸಿ. ಮೊದಲ ನೀರು ಸ್ವಲ್ಪ ಕಪ್ಪಗಿದ್ದರೆ ಗಾಬರಿ ಬೇಡ, ಇದ್ದಿಲ ಪುಡಿ ಅದು. ಪಾತ್ರೆಯ ನೀರು ತಿಳಿಯಾಗುವವರೆಗೆ ಬಿಡಿ, ಆ ನೀರು ಗಿಡಕ್ಕೆ ಹಾಕಿ.

ಪಂಪ್ ಕರ್ಕಶವಾಗಿ ಕೂಗಿ ನೀರೇ ಬರದಿದ್ದರೆ ಗಾಳಿ ಸಿಕ್ಕಿಕೊಂಡಿದೆ ಅಂತ. ಕೂಡಲೇ ನಿಲ್ಲಿಸಿ. ಕಾರ್ಟ್ರಿಜ್ ತೆಗೆದು ಮತ್ತೆ ನೆನೆಸಿ, ಬಿಸಿನೀರಿನ ನಾಬ್ ತೆರೆದಿಟ್ಟು ಸ್ವಲ್ಪ ಸ್ವಲ್ಪವೇ ಓಡಿಸಿ. ಪಂಪನ್ನು ನೀರಿಲ್ಲದೆ ಓಡಿಸುತ್ತಲೇ ಇರಬೇಡಿ.

ಕೊನೆಗೆ ಮಷಿನ್ ಮೆನುವಿನಲ್ಲಿ ನೀರಿನ ಗಡಸು ಮತ್ತು ಫಿಲ್ಟರ್ ಇದೆ ಅನ್ನುವುದನ್ನು ಹೊಂದಿಸಿ. ಇಲ್ಲೊಂದು ಎಚ್ಚರಿಕೆ. ಫಿಲ್ಟರ್ ಇದೆ ಅಂದ ಕೂಡಲೇ ಹಲವು ಮಷಿನ್‌ಗಳು ಡಿಸ್ಕೇಲ್ ನೆನಪನ್ನು ಮುಂದಕ್ಕೆ ಹಾಕುತ್ತವೆ. ನೀವು ಕಾರ್ಟ್ರಿಜ್ ಬದಲಿಸದೆ ಬಿಟ್ಟರೆ ಮಷಿನ್ ಪಾಪ ನಿಮ್ಮ ಮಾತು ನಂಬಿಕೊಂಡು ಸುಣ್ಣ ತುಂಬಿಸಿಕೊಳ್ಳುತ್ತದೆ.

ಟ್ಯಾಂಕಿನಲ್ಲಿ ಕಾರ್ಟ್ರಿಜ್ ಕೂರುವ ಜಾಗವೇ ಇಲ್ಲದ ಮಷಿನ್‌ಗೆ ಟೀ ಬ್ಯಾಗಿನಂಥ ರೆಸಿನ್ ಚೀಲ ಬರುತ್ತದೆ. ತೊಳೆದು ಟ್ಯಾಂಕ್ ತಳಕ್ಕೆ ಬಿಟ್ಟರೆ ಆಯಿತು. ಅದು ಕೆಲಸ ಮಾಡಲು ಹೊತ್ತು ಬೇಕು, ಹಾಗಾಗಿ ರಾತ್ರಿಯೇ ನೀರು ತುಂಬಿಸಿಡಿ.

ನೋಡಿಕೊಳ್ಳುವುದು

ಕಾರ್ಟ್ರಿಜ್ ನೋಡಲು ಚೆನ್ನಾಗಿದೆ ಅಂತ ಇನ್ನೂ ಇರಲಿ ಅನ್ನಬೇಡಿ. ಒಳಗಿನ ರೆಸಿನ್ ತುಂಬಿದ್ದು ಹೊರಗೆ ಕಾಣುವುದಿಲ್ಲ. ಎರಡರಿಂದ ಮೂರು ತಿಂಗಳು ಅದರ ಆಯಸ್ಸು, ಕಂಪನಿ ಏನು ಹೇಳಿದೆ ನೋಡಿ. ಅನುಮಾನ ಬಂದರೆ ಅದೇ ಹನಿ ಕಿಟ್ ಇದೆಯಲ್ಲ, ಬಿಸಿನೀರಿನ ಬಾಯಿಯಿಂದ ಬಂದ ನೀರನ್ನು ಆರಿಸಿ ಪರೀಕ್ಷೆ ಮಾಡಿ. ನಲ್ಲಿ ನೀರಿನಷ್ಟೇ ಹನಿ ಬೇಕಾದರೆ ಅದರ ಕಥೆ ಮುಗಿದಿದೆ.

ಮಳೆಗಾಲ ಬೇರೆಯೇ ಲೆಕ್ಕ. ಇದ್ದಿಲು ಕ್ಲೋರಿನ್ ತೆಗೆದ ಮೇಲೆ ಆ ನೀರಿಗೆ ಕಾವಲು ಇರುವುದಿಲ್ಲ. ಬಟ್ಟೆಯೇ ಒಣಗದ ಥಂಡಿಯಲ್ಲಿ ಟ್ಯಾಂಕ್ ಗೋಡೆ ಮುಟ್ಟಿದರೆ ಲೋಳೆ ಲೋಳೆ ಅನ್ನಿಸುವುದು ಇದಕ್ಕೇ. ದಿನಾ ನೀರು ಚೆಲ್ಲಿ ಹೊಸದು ತುಂಬಿ, ವಾರಕ್ಕೊಮ್ಮೆ ಟ್ಯಾಂಕ್ ಉಜ್ಜಿ ತೊಳೆಯಿರಿ. ಕಾರ್ಟ್ರಿಜ್‌ಗೆ ಸೋಪು ತಾಗಿಸಬೇಡಿ. ಬಾವಿ, ಅಬ್ಬಿ ನೀರಿನವರು ಕುದಿಸಿ ಆರಿಸಿದ ನೀರನ್ನೇ ತುಂಬುವುದು ಒಳ್ಳೆಯದು. ಪೂರ್ತಿ ಆರಿರಲಿ.

ಮದುವೆ ಮುಂಜಿ ಅಂತ ವಾರಗಟ್ಟಲೆ ಮನೆಯಲ್ಲಿ ಇರುವುದಿಲ್ಲ ಅಂದರೆ ಟ್ಯಾಂಕ್ ಖಾಲಿ ಮಾಡಿ, ಕಾರ್ಟ್ರಿಜ್ ತೆಗೆದು ಒಂದು ಲೋಟದಲ್ಲಿ ಎರಡು ಬೆರಳು ನೀರು ಹಾಕಿ ನಿಲ್ಲಿಸಿ ಫ್ರಿಜ್‌ನಲ್ಲಿಡಿ. ಒಣಗಬಾರದು. ಬಳಸದೆ ಮೂರು ವಾರ ದಾಟಿದರೆ ಎಸೆದು ಹೊಸದು ಹಾಕಿ.

ಫಿಲ್ಟರ್ ಇದ್ದರೂ ಡಿಸ್ಕೇಲ್ ತಪ್ಪುವುದಿಲ್ಲ, ತಡವಾಗಿ ಬರುತ್ತದೆ ಅಷ್ಟೇ. ಡಿಸ್ಕೇಲ್ ಮಾಡುವಾಗ ಮೊದಲು ಕಾರ್ಟ್ರಿಜ್ ಹೊರಗೆ ತೆಗೆಯಿರಿ, ಆಮ್ಲ ಅದಕ್ಕೆ ತಾಗಬಾರದು. ಮಷಿನ್ ಕಂಪನಿ ಹೇಳಿದ ಪುಡಿಯನ್ನೇ ಬಳಸಿ, ವಿನೆಗರ್ ಬೇಡ, ಅದರ ವಾಸನೆ ಕಾಫಿಯಲ್ಲಿ ಎಷ್ಟೋ ದಿನ ಉಳಿಯುತ್ತದೆ, ರಬ್ಬರ್‌ಗೂ ಒಳ್ಳೆಯದಲ್ಲ. ಆಮೇಲೆ ಎರಡು ಟ್ಯಾಂಕ್ ಬರೀ ನೀರು ಹರಿಸಿ, ಬಂದ ನೀರಿನ ಹನಿ ನಾಲಿಗೆಗೆ ಹುಳಿ ಅನ್ನಿಸದಿದ್ದರೆ ಕಾರ್ಟ್ರಿಜ್ ವಾಪಸ್ ಕೂರಿಸಿ.