ಗುಂಪು ಒಡೆಯದೆ ಪಳಗಿಸಿದ ಬೆಕ್ಕುಗಳು: ನನ್ನ ಅನುಭವ

ಒಂದೇ ಮನೆಯಲ್ಲಿ ಕೂಡಿಹಾಕಿದ್ದ ಬೆಕ್ಕುಗಳನ್ನು ಬಿಡಿಸಿ ತಂದಾಗ ಒಂದೊಂದಕ್ಕೆ ಒಂದೊಂದು ಪಂಜರ, ಅದೇ ಪದ್ಧತಿ. ಗುಂಪಿನಲ್ಲಿ ಬಿಟ್ಟರೆ ಮನುಷ್ಯರ ಹತ್ತಿರ ಸುಳಿಯೋದಿಲ್ಲ ಅಂತ ಎಲ್ಲರೂ ಎಚ್ಚರಿಸಿದರು. ಈ ಸಲ ಗುಂಪಿನಲ್ಲೇ ಇಟ್ಟೆ. ನಲವತ್ತರ ಆಸುಪಾಸು ಇದ್ದವು. ಆರೇಳು ಬಿಟ್ಟು ಮಿಕ್ಕವೆಲ್ಲ ದತ್ತು ಹೋಗಿವೆ.

ಪಂಜರದ ಪದ್ಧತಿಯ ಪಾಡು ಹಿಂದೆ ಕಂಡಿದ್ದೆ. ಒಂಟಿಯಾದವು ತಟ್ಟೆ ಮೂಸಿಯೂ ನೋಡಲಿಲ್ಲ. ಮೈತುಂಬಿಕೊಂಡ ಬೆಕ್ಕು ಕೆಲವೇ ದಿನ ಉಪವಾಸ ಬಿದ್ದರೂ ಲಿವರಿಗೆ ಕೊಬ್ಬು ಸೇರುತ್ತದೆ. ಟ್ಯೂಬಿನಲ್ಲಿ ಉಣಿಸಿದರೂ ಎರಡು ಉಳಿಯಲಿಲ್ಲ. ಉಳಿದವಕ್ಕೆ ಒತ್ತಡಕ್ಕೇ ಮೈಯಲ್ಲಿ ಅಡಗಿದ್ದ ಹರ್ಪಿಸ್ ವೈರಸ್ ಕೆರಳಿ ಸೀನು, ಕಣ್ಣಲ್ಲಿ ಕೀವು.

ಹಾಗಾಗಿ ಸಾಗಿಸುವ ಮೊದಲೇ ಯಾವುದು ಯಾವುದಕ್ಕೆ ಒತ್ತಿಕೊಂಡು ಮಲಗುತ್ತದೆ ಅಂತ ಬರೆದುಕೊಂಡೆ. ಮೂರು ನಾಲ್ಕರ ಗುಂಪಿಗೆ ಒಂದು ಕೋಣೆ, ಎರಡು ಬಾಯಿಯ ಅಡಗುಪೆಟ್ಟಿಗೆ. ಗಂಡುಗಳನ್ನು ಮಾತ್ರ ಮೊದಲ ದಿನವೇ ಬೇರೆ ಮಾಡಿದೆ. ನಾಲ್ಕೈದು ತಿಂಗಳ ಮರಿಯೂ ಬಸಿರಾಗುತ್ತದೆ. ಪ್ರತಿ ಗುಂಪಿನಲ್ಲೂ ಒಂದು ಧೈರ್ಯಸ್ಥ ಬೆಕ್ಕು ಇದ್ದೇ ಇರುತ್ತದೆ. ಅದೊಂದಕ್ಕೇ ಚಮಚದಲ್ಲಿ ತಿನ್ನಿಸುತ್ತ ಕೂತೆ, ಬೇರೆಯವುಗಳ ಕಡೆ ಕಣ್ಣು ಹಾಯಿಸಲಿಲ್ಲ. ನೋಡಿ ನೋಡಿ ಅವೂ ಬಂದವು. ಆ ಬೆಕ್ಕನ್ನು ಮೊದಲ ರಾತ್ರಿಯೇ ಗುರುತಿಸುವ ನನ್ನ ಉಪಾಯ ಇಲ್ಲಿ ಹೇಳುವುದಿಲ್ಲ.

ದುಡ್ಡು ನುಂಗಿದ್ದು ರಿಂಗ್‌ವರ್ಮ್, ಅಂದರೆ ಒಂದರಿಂದೊಂದಕ್ಕೆ ಹರಡುವ ಚರ್ಮದ ಫಂಗಸ್. ಒಟ್ಟು ಖರ್ಚಿನ ಅರ್ಧಕ್ಕೂ ಹೆಚ್ಚು ಅದಕ್ಕೇ ಹೋಯಿತು. ಸಂತಾನಹರಣ ಶಸ್ತ್ರಚಿಕಿತ್ಸೆಗೂ ಅಷ್ಟಾಗಲಿಲ್ಲ. ಫಂಗಸ್ ಪತ್ತೆಗೆ ಹಿಡಿಯುವ ನೇರಳಾತೀತ ದೀಪ ವುಡ್ಸ್ ಲ್ಯಾಂಪಿಗೆ ಹೊಳೆಯಲಿಲ್ಲ ಅಂತ ಬಿಟ್ಟವುಗಳಲ್ಲೂ ಕಲ್ಚರ್ (ಕೂದಲಿನ ಫಂಗಸ್ಸನ್ನು ಲ್ಯಾಬಿನಲ್ಲಿ ಬೆಳೆಸಿ ನೋಡುವ ಪರೀಕ್ಷೆ) ಪಾಸಿಟಿವ್ ಬಂತು. ವಾರಕ್ಕೆರಡು ಸಲ ಲೈಮ್ ಸಲ್ಫರ್ ಎಂಬ ಗಂಧಕದ ದ್ರಾವಣದಲ್ಲಿ ಸ್ನಾನ, ಜೊತೆಗೆ ಫಂಗಸ್ ಕೊಲ್ಲುವ ಔಷಧಿ ಇಟ್ರಕೊನಜೋಲ್. ಗುಂಪಿಗೆ ಗುಂಪನ್ನೇ ಒಟ್ಟಿಗೆ ಅದ್ದಿದ್ದರಿಂದ ಒಂದರಿಂದೊಂದಕ್ಕೆ ಮರಳಿ ಹತ್ತಲಿಲ್ಲ, ಕೂಲಿಯೂ ಉಳಿಯಿತು.

ನಡುವೆ ಇನ್ನೊಂದು ಪ್ರಯೋಗ: ಕೋಣೆಯಲ್ಲಿ ಮನುಷ್ಯರ ಮಾತಿನ ರೆಕಾರ್ಡಿಂಗ್ ಹಾಕಿಟ್ಟೆ, ಏನೂ ಪ್ರಯೋಜನವಾಗಲಿಲ್ಲ. ಅವು ಮೊದಲಿದ್ದ ಮನೆಯ ಬಟ್ಟೆ ಹಾಸಿದಾಗ ಮಾತ್ರ ಅಂದೇ ಊಟ ಮಾಡಿದವು. ಆದರೆ ಫಂಗಸ್ ಬೀಜಾಣು ತಿಂಗಳುಗಟ್ಟಲೆ ಬದುಕುತ್ತದೆ. ಆ ಬಟ್ಟೆಯನ್ನು ಬೇರೆ ಗುಂಪಿಗೆ ಕೊಡಬೇಡಿ.

ಸಂತಾನಹರಣ ಶಸ್ತ್ರಚಿಕಿತ್ಸೆ ಮಾಡಿಸಿದ ಎರಡು ಬೆಕ್ಕನ್ನು, ಇವನ್ನೆಲ್ಲ ಕೂಡಿಹಾಕಿದ್ದವರ ಮನೆಯಲ್ಲೇ ಬಿಟ್ಟುಬಂದೆ. ಇದಕ್ಕೂ ಬೈಗುಳ ತಿಂದೆ. ಪೂರ್ತಿ ಬರಿದು ಮಾಡಿದರೆ ಅವರು ಮತ್ತೆ ಕೂಡಿಹಾಕಲು ಶುರುಮಾಡುತ್ತಾರೆ. ಅದೊಂದು ಕಾಯಿಲೆ, ಬೈದರೆ ವಾಸಿಯಾಗದು. ತಿಂಗಳಿಗೊಮ್ಮೆ ಹೋಗುತ್ತೇನೆ, ಬಾಗಿಲು ತೆಗೆಯುತ್ತಾರೆ. ಇವತ್ತಿಗೂ ಎರಡೇ ಇವೆ.