ಮ್ಯಾಪ್ ಇಲ್ದೆ ಮಿಶಿಗನ್ ಓಟನ್ನ 13 ಕಾಂಗ್ರೆಸ್ ಡಿಸ್ಟ್ರಿಕ್ಟ್‌ಗೆ ಹಂಚಿದ್ದು: ನನ್ನ ಅನುಭವ

ಎರಡು ಚಳಿಗಾಲ ಹಿಡೀತು, ಆದ್ರೆ ಕೊನೆಗೂ ಲೆಕ್ಕ ಕೂತ್ಕೊಳ್ತು. ಮಿಶಿಗನ್ ಸ್ಟೇಟ್ ಹೌಸ್ (ನಮ್ಮ ವಿಧಾನಸಭೆ ಥರ) ಎಲೆಕ್ಷನ್ನಿನ ಓಟನ್ನ, ಅಂದ್ರೆ 110 ಸೀಟಿನ ಓಟನ್ನ, ಇಲ್ಲಿನ 13 ಕಾಂಗ್ರೆಸ್ ಡಿಸ್ಟ್ರಿಕ್ಟ್ (ಕಾಂಗ್ರೆಸ್ ಅಂದ್ರೆ ಅಮೆರಿಕದ ಪಾರ್ಲಿಮೆಂಟು, ಪಾರ್ಟಿ ಅಲ್ಲ; ನಮ್ಮ ಲೋಕಸಭಾ ಕ್ಷೇತ್ರದ ಥರ) ಪ್ರಕಾರ ಮತ್ತೆ ಕೂಡಿಸ್ಬೇಕು ಅಂತ ಹೊರಟಿದ್ದೆ. ಅದೂ ಮ್ಯಾಪ್ ಇಲ್ದೆ. ಇದನ್ನ ಹೇಳಿದಾಗ ಜಿಐಎಸ್ (ಕಂಪ್ಯೂಟರಲ್ಲಿ ಮ್ಯಾಪ್ ಮಾಡೋದು) ಕೆಲಸಾನೇ ಹೊಟ್ಟೆಪಾಡು ಮಾಡ್ಕೊಂಡಿರೋ ನಮ್ಮ ಗೆಳೆಯರೊಬ್ರು "ಅಕ್ಕಾ, ಗೆರೆ ಎಲ್ಲಿದೆ ಅಂತ ನೋಡ್ದೇನೇ ಡಿಸ್ಟ್ರಿಕ್ಟ್ ಲೆಕ್ಕ ಹಾಕ್ತೀನಿ ಅಂದ್ರೆ ಯಾರೂ ಒಪ್ಪಲ್ಲ, ಬಿಟ್ಬಿಡಿ" ಅಂದಿದ್ರು. ಹೋದ ತಿಂಗಳು ಅವ್ರೇ ಕೂತು ನನ್ನ ಶೀಟ್ ಚೆಕ್ ಮಾಡಿ, ಏನೂ ಮಾತಾಡ್ದೆ ಫೈಲ್ ಕಳಿಸಿ ಅಂತ ಕೇಳಿದ್ರು. ಅದಕ್ಕೇ ಬರೀತಿದೀನಿ.

ಪ್ರಿಸಿಂಕ್ಟ್ (ಒಂದು ಬೂತಿಗೆ ಸೇರಿದ ಪ್ರದೇಶ) ಫೈಲ್, ಪೈಥಾನ್ ಪ್ರೋಗ್ರಾಮು, ಕ್ಯೂಜಿಐಎಸ್ ಅನ್ನೋ ಮ್ಯಾಪ್ ಸಾಫ್ಟ್‌ವೇರ್ ಎಲ್ಲಾ ನಿಮಗೆ ಗೊತ್ತಿರುತ್ತೆ, ಅದನ್ನೆಲ್ಲ ಹೇಳಲ್ಲ.

ಯಾಕೆ ಈ ಉಸಾಬರಿ ಅಂದ್ರೆ, 2022ರಲ್ಲಿ ಡೆಮಾಕ್ರಾಟ್ಸ್ ಸ್ಟೇಟ್ ಹೌಸನ್ನ 56-54ರಲ್ಲಿ ಗೆದ್ರು, 2024ರಲ್ಲಿ 58-52 ಆಗಿ ರಿಪಬ್ಲಿಕನ್ಸ್ ಕೈಗೆ ಹೋಯ್ತು. ಎಲ್ಲಿ ಎಷ್ಟು ಜಾರಿತು ಅಂತ ನೋಡೋಣ ಅಂದ್ರೆ ಸೀಟಿಗೆ ಸೀಟು ಇಟ್ಟು ನೋಡೋ ಹಾಗಿಲ್ಲ. 2023ರ ಡಿಸೆಂಬರ್‌ನಲ್ಲಿ ಫೆಡರಲ್ ಕೋರ್ಟು ಡೆಟ್ರಾಯಿಟ್ ಸುತ್ತಮುತ್ತ 7 ಹೌಸ್ ಡಿಸ್ಟ್ರಿಕ್ಟು, 6 ಸ್ಟೇಟ್ ಸೆನೆಟ್ (ರಾಜ್ಯದ ಮೇಲ್ಮನೆ) ಡಿಸ್ಟ್ರಿಕ್ಟು ಜನಾಂಗದ ಆಧಾರದ ಮೇಲೆ ಗೆರೆ ಎಳ್ದಿದಾರೆ ಅಂತ ಹೊಡೆದುಹಾಕಿತ್ತು, ಹೌಸ್ ಗೆರೆಗಳನ್ನ 2024ಕ್ಕೆ ಮುಂಚೆನೇ ಹೊಸದಾಗಿ ಎಳೆದ್ರು, ಪಕ್ಕದ ಡಿಸ್ಟ್ರಿಕ್ಟ್‌ಗಳೂ ಅದ್ರ ಜೊತೆ ಅಲುಗಾಡಿದ್ವು. ಅಳೆಯೋ ಸೇರೇ ಬದಲಾದ್ಮೇಲೆ ಹೋದ ವರ್ಷದ ರಾಗಿಗೂ ಈ ವರ್ಷದ ರಾಗಿಗೂ ಹೋಲಿಕೆ ಹೆಂಗೆ? ಆದ್ರೆ ಕಾಂಗ್ರೆಸ್ಸಿನ 13 ಗೆರೆಗಳು ಮಾತ್ರ 2022ಕ್ಕೂ 2024ಕ್ಕೂ ಅವೇ. ಕ್ಷೇತ್ರದ ಗೆರೆ ಎಳೆಯೋ ಸಿಟಿಜನ್ಸ್ ಕಮಿಷನ್ 2021ರ ಕೊನೇಲಿ ಎಳೆದಿದ್ದು, ಹಾಗೇ ಉಳ್ಕೊಂಡಿತ್ತು. ಅಂದ್ರೆ ಬದಲಾಗ್ದೇ ಇರೋ ಸೇರು ಅದು, ಹೌಸ್ ಓಟನ್ನ ಅದ್ರಲ್ಲೇ ಅಳೀಬೇಕು.

ನಮ್ಮೂರಲ್ಲಾದ್ರೆ ಇದು ಕೆಲಸಾನೇ ಅಲ್ಲ. ಕರ್ನಾಟಕದಲ್ಲಿ 28 ಲೋಕಸಭೆ, 224 ವಿಧಾನಸಭೆ, ಒಂದೊಂದ್ರಲ್ಲಿ ಎಂಟೆಂಟು ಕ್ಷೇತ್ರ ಡಬ್ಬಿ ಒಳಗೆ ಡಬ್ಬಿ ಇಟ್ಟಂಗೆ ಕೂತಿರುತ್ತೆ, ಎಂಟನ್ನ ಕೂಡಿದ್ರೆ ಮುಗೀತು. ಇಲ್ಲೂ 110ನ್ನ 13ರಿಂದ ಭಾಗಿಸಿದ್ರೆ ಎಂಟೂವರೆ ಹತ್ರ ಬರುತ್ತೆ ನೋಡಿ, ಅದನ್ನ ನೋಡಿ ಸುಲಭ ಅನ್ಕೊಂಡು ಕೈ ಹಾಕ್ದೆ. ಆದ್ರೆ ಇಲ್ಲಿ ಒಂದು ಹೌಸ್ ಡಿಸ್ಟ್ರಿಕ್ಟು ಎರಡು ಕಾಂಗ್ರೆಸ್ ಡಿಸ್ಟ್ರಿಕ್ಟಲ್ಲಿ ಕಾಲು ಚಾಚಿರುತ್ತೆ, ಎರಡು ಗೆರೆಗೂ ಒಂದಕ್ಕೊಂದು ಸಂಬಂಧಾನೇ ಇಲ್ಲ.

ಮೊದಲನೇ ಚಳಿಗಾಲ ಪೂರ್ತಿ ಶೇಪ್‌ಫೈಲ್ (ಗಡಿಗಳ ಮ್ಯಾಪ್ ಫೈಲ್) ಹಿಂದೆ ಹೋಯ್ತು. ಎಲ್ಲರೂ ಮಾಡೋ ಥರಾನೇ, ಪ್ರಿಸಿಂಕ್ಟ್ ಗಡಿ ಮೇಲೆ ಡಿಸ್ಟ್ರಿಕ್ಟ್ ಗಡಿ ಹಾಸಿ, ಎಷ್ಟು ಜಾಗ ಯಾವ ಕಡೆ ಬಿತ್ತೋ ಅಷ್ಟು ಓಟು ಆ ಕಡೆ. ಇದು ಮಿಶಿಗನ್ನಲ್ಲಿ ಮಾಡ್ಬಾರ್ದು, ಬರ್ದಿಟ್ಕೊಳಿ. ಇಲ್ಲಿ ಗಡಿಗಳು ಕೆರೆ ಒಳಗೆ ಮೈಲಿಗಟ್ಟಲೆ ಹೋಗಿರುತ್ತೆ, ಲೇಕ್ ಸೇಂಟ್ ಕ್ಲೇರ್ ಪಕ್ಕದ ಪ್ರಿಸಿಂಕ್ಟ್‌ಗಳಲ್ಲಿ ನನ್ನ ಪ್ರೋಗ್ರಾಮು ನೀರಿಗೆಲ್ಲ ಓಟು ಹಂಚಿ ಕೂತಿತ್ತು. ನೀರು ಕತ್ತರಿಸಿ ತೆಗೆದೆ, ಆಗ ಬೇರೆ ತೊಂದ್ರೆ: ನನ್ನ ಹತ್ರ ಇದ್ದ ಗಡಿ ಫೈಲು ಹಳೇದು, ಹೊಸ ಡಿಸ್ಟ್ರಿಕ್ಟ್ ಬಂದ್ಮೇಲೆ ಎಷ್ಟೋ ಊರಲ್ಲಿ ಪ್ರಿಸಿಂಕ್ಟ್ ನಂಬರೇ ಬದಲಾಗಿತ್ತು. ಒಂದು ಕಂಪನಿಯಿಂದ ರೆಡಿ ಮಾಡಿದ ಫೈಲ್ ಕೊಂಡ್ಕೊಂಡೆ, ಸುಮಾರು 280 ಡಾಲರು, ಅದ್ರಲ್ಲೂ ಅದೇ ಹಳೇ ನಂಬರು, ದುಡ್ಡು ವಾಪಸ್ ಕೊಡಲ್ಲ ಅಂದ್ರು. ಕ್ಲೌಡಲ್ಲಿ ಒಂದು ಮಷೀನ್ ಆನ್ ಮಾಡಿ ಆಫ್ ಮಾಡೋದು ಮರೆತು ಇನ್ನೊಂದು ನೂರು ಚಿಲ್ಲರೆ ಹೋಯ್ತು. ಒಂದು ಕೌಂಟಿಯಿಂದ ಪೇಪರ್ ಕಾಪಿ ತರಿಸಿದ್ದಕ್ಕೆ 40ರ ಹತ್ರ. ಎಲ್ಲಾ ಸೇರಿ 450 ಡಾಲರ್ ಹತ್ರ ಹತ್ರ, ಕೈಗೆ ಬಂದಿದ್ದು ಸೊನ್ನೆ. ನಮ್ಮನೆಯವ್ರು "ಇಷ್ಟ್ರಲ್ಲಿ ಊರಿಗೆ ಅರ್ಧ ಟಿಕೆಟ್ ಬರ್ತಿತ್ತು" ಅಂದ್ರು, ಬೇಜಾರಾಯ್ತು ನಿಜ, ಒಂದೆರಡು ತಿಂಗಳು ಮುಟ್ಟಲಿಲ್ಲ.

ದಾರಿ ಸಿಕ್ಕಿದ್ದು ಎಲೆಕ್ಷನ್ನಿನ ಬೂತ್‌ವಾರು ರಿಸಲ್ಟ್ ಫೈಲಲ್ಲೇ. ಒಂದಿನ ಬೇರೆ ಏನೋ ನೋಡ್ತಾ ಒಂದು ಪ್ರಿಸಿಂಕ್ಟಿನ ಎಲ್ಲಾ ಲೈನೂ ಒಟ್ಟಿಗೆ ತೆಗೆದೆ, ಗವರ್ನರ್ ಓಟು, ಆಮೇಲೆ ಆಫೀಸ್ ಕೋಡ್ (ಯಾವ ಹುದ್ದೆ ಅಂತ ಹೇಳೋ ನಂಬರು) 6ರಲ್ಲಿ ಕಾಂಗ್ರೆಸ್ ಓಟು ಡಿಸ್ಟ್ರಿಕ್ಟ್ ನಂಬರ್ ಸಮೇತ, 8ರಲ್ಲಿ ಸ್ಟೇಟ್ ಹೌಸ್ ಓಟು ಅದೂ ಡಿಸ್ಟ್ರಿಕ್ಟ್ ನಂಬರ್ ಸಮೇತ. ಅಲ್ಲೇ ಇದೆಯಲ್ಲ! ಆ ಬೂತಿನ ಜನ ಯಾವ ಕಾಂಗ್ರೆಸ್ ಡಿಸ್ಟ್ರಿಕ್ಟ್‌ನವ್ರು ಅಂತ ಅವ್ರ ಬ್ಯಾಲೆಟ್ಟೇ ಹೇಳ್ತಿದೆ, ನಾನ್ಯಾಕೆ ಮ್ಯಾಪಲ್ಲಿ ಹುಡುಕ್ಬೇಕು. ಒಂದು ಪ್ರಿಸಿಂಕ್ಟಲ್ಲಿ 10ನೇ ಡಿಸ್ಟ್ರಿಕ್ಟಿನ ಕ್ಯಾಂಡಿಡೇಟ್‌ಗೆ ಮಾತ್ರ ಓಟು ಬಿದ್ದಿದೆ ಅಂದ್ರೆ ಅಲ್ಲಿನ ಹೌಸ್ ಓಟೂ ಪೂರ್ತಿ 10ಕ್ಕೆ. ನಾಲ್ಕು ಸಾವಿರದ ಚಿಲ್ಲರೆ ಪ್ರಿಸಿಂಕ್ಟಲ್ಲಿ ನೂರಕ್ಕೆ ತೊಂಬತ್ತರ ಮೇಲೆ ಹಿಂಗೇ ಒಂದೇ ಏಟಿಗೆ ಕೂತ್ಕೊಂಡ್ವು, ಲ್ಯಾಪ್‌ಟಾಪಲ್ಲಿ ಒಂದು ನಿಮಿಷಾನೂ ತಗೊಳ್ಳಲಿಲ್ಲ. ಎರಡು ಕಾಂಗ್ರೆಸ್ ಡಿಸ್ಟ್ರಿಕ್ಟ್ ಕಾಣಿಸ್ಕೊಂಡ ಪ್ರಿಸಿಂಕ್ಟಿಗೆ ಅಲ್ಲಿನ ಕಾಂಗ್ರೆಸ್ ಓಟಿನ ಅನುಪಾತದಲ್ಲೇ ಹೌಸ್ ಓಟು ಒಡೆದೆ.

ಹಂಗಂತ ಅವತ್ತೇ ಮುಗೀಲಿಲ್ಲ. ಮೊದಲ ಸಲ ಕೂಡಿದಾಗ ಎರಡು ಮೂರು ಡಿಸ್ಟ್ರಿಕ್ಟಲ್ಲಿ ಕಾಂಗ್ರೆಸ್ ಟೋಟಲ್ಲೇ ಅಧಿಕೃತ ಟೋಟಲ್ಲಿಗೆ ಹೊಂದಲಿಲ್ಲ. ಸಣ್ಣ ವ್ಯತ್ಯಾಸಾನೇ, ಆದ್ರೆ 10ರಲ್ಲಿ ಸಣ್ಣದು ಅನ್ನೋ ಮಾತೇ ಇಲ್ಲ, 2022ರಲ್ಲಿ ಅಲ್ಲಿ ರಿಪಬ್ಲಿಕನ್ ಜಾನ್ ಜೇಮ್ಸ್, ಡೆಮಾಕ್ರಾಟ್ ಕಾರ್ಲ್ ಮಾರ್ಲಿಂಗಾ ಮೇಲೆ ಗೆದ್ದಿದ್ದೇ 1,600 ಓಟಲ್ಲಿ. ಒಂದು ವಾರ ತಲೆ ಕೆಡಿಸ್ಕೊಂಡ್ಮೇಲೆ ಗೊತ್ತಾಗಿದ್ದು, ಊರಿನ ಹೆಸರಿನ ಜಾಗದಲ್ಲಿ ಸ್ಟಾಟಿಸ್ಟಿಕಲ್ ಅಡ್ಜಸ್ಟ್‌ಮೆಂಟ್ಸ್ ಅಂತ ಇರೋ ಲೈನ್‌ಗಳನ್ನ ನಾನು ಕಸ ಅಂತ ಶುರುವಿನಲ್ಲೇ ಎಸೆದಿದ್ದೆ. ಅವೂ ಓಟೇ. ವಾಪಸ್ ಸೇರಿಸಿದ್ಮೇಲೆ 13ಕ್ಕೆ 13ನೂ ಒಂದು ಓಟೂ ಆಚೀಚೆ ಇಲ್ದಂಗೆ ಬಂತು.

ನಿಜವಾದ ತಲೆನೋವು ಆಬ್ಸೆಂಟೀ ಓಟು. ಮನೇಲಿ ಕೂತು ಹಾಕಿದ ಬ್ಯಾಲೆಟ್ಟುಗಳನ್ನ ದೊಡ್ಡ ಊರುಗಳಲ್ಲಿ ಬೂತ್‌ವಾರು ಎಣಿಸಲ್ಲ, ಹಲವು ಪ್ರಿಸಿಂಕ್ಟ್ ಸೇರಿಸಿ ಒಂದು ಕೌಂಟಿಂಗ್ ಬೋರ್ಡ್‌ಗೆ ಹಾಕ್ತಾರೆ. ಡೆಟ್ರಾಯಿಟ್‌ನಲ್ಲಿ 2020ರಲ್ಲಿ 503 ಪ್ರಿಸಿಂಕ್ಟಿಗೆ 134 ಬೋರ್ಡ್ ಇತ್ತು. ಊರು ಬೇರೆ ಕಾಂಗ್ರೆಸ್ಸಿನ 12, 13 ಎರಡರಲ್ಲೂ ಹಂಚಿಹೋಗಿದೆ. ಇಲ್ಲಿ ನಾನು ಉಲ್ಟಾ ಹೊಡೆದೆ: ಬೋರ್ಡಿನ ಲೈನಲ್ಲಿ ಯಾವ್ ಯಾವ್ ಹೌಸ್ ಡಿಸ್ಟ್ರಿಕ್ಟ್ ಇದೆ ನೋಡೋದು, ಆ ಹೌಸ್ ಡಿಸ್ಟ್ರಿಕ್ಟು ಪೂರ್ತಿ ಒಂದೇ ಕಾಂಗ್ರೆಸ್ ಡಿಸ್ಟ್ರಿಕ್ಟ್ ಒಳಗೇ ಇದೆ ಅಂತ ಮಾಮೂಲಿ ಬೂತುಗಳಿಂದ ಮೊದಲೇ ಗೊತ್ತಿರುತ್ತೆ, ಆಗ ಅನುಪಾತ ಗಿನುಪಾತ ಏನೂ ಬೇಡ, ಸೀದಾ ಹಾಕೋದು. ಇಷ್ಟಾದ್ಮೇಲೂ ಎರಡೂ ಕಡೆ ಗೋಜಲಾಗಿರೋ ಒಂದಷ್ಟು ಬೋರ್ಡು ಉಳೀತಾವೆ. ಅವನ್ನ ಬಿಡಿಸಿದ ರೀತಿ ಮಾತ್ರ ಇಲ್ಲಿ ಬರಿಯಲ್ಲ, ಅದಕ್ಕೆ ನಾನು ಎಂಟು ವಾರಾಂತ್ಯ ಕೊಟ್ಟಿದೀನಿ. ಸ್ಟ್ರೇಟ್ ಟಿಕೆಟ್ ಓಟು (ಒಂದೇ ಗುರುತು ಹಾಕಿ ಒಂದು ಪಾರ್ಟಿಯ ಎಲ್ಲಾ ಕ್ಯಾಂಡಿಡೇಟಿಗೂ ಓಟ್ ಕೊಡೋದು) ಇರೋ ರಾಜ್ಯ ಇದು ಅನ್ನೋದನ್ನ ಯೋಚನೆ ಮಾಡಿ, ಅಷ್ಟು ಸುಳಿವು ಸಾಕು.

ನಂಬದೋರಿಗೆ ಅಂತಾನೇ ಒಂದು ಪರೀಕ್ಷೆ ಮಾಡ್ದೆ. ಗೋಜಲು ಲೈನ್‌ಗಳಲ್ಲಿ ಕಾಂಗ್ರೆಸ್ ಓಟಿನ ಕಾಲಮ್ಮನ್ನ ಬೇಕಂತಲೇ ಮುಚ್ಚಿಟ್ಟು, ಬರೀ ಹೌಸ್ ಓಟು ನೋಡಿ ಯಾವ ಡಿಸ್ಟ್ರಿಕ್ಟಿಗೆ ಎಷ್ಟು ಜನ ಅಂತ ಹಂಚಿ, ಆಮೇಲೆ ಮುಚ್ಚಿದ್ದನ್ನ ತೆಗೆದು ಪಕ್ಕದಲ್ಲಿಟ್ಟೆ. ಯಾವ ಡಿಸ್ಟ್ರಿಕ್ಟಲ್ಲೂ ಅರ್ಧ ಪರ್ಸೆಂಟಿನ ಮೇಲೆ ವ್ಯತ್ಯಾಸ ಇರಲಿಲ್ಲ. ಶೇಪ್‌ಫೈಲಲ್ಲಿ ಮಾಡ್ದಾಗ ಇದೇ ವ್ಯತ್ಯಾಸ ಕೆಲವು ಕಡೆ ನಾಲ್ಕೈದು ಪರ್ಸೆಂಟ್ ಇತ್ತು. ನಮ್ಮ ಜಿಐಎಸ್ ಗೆಳೆಯರು ಸುಮ್ನಾಗಿದ್ದು ಇದನ್ನ ನೋಡೇ.

ಒಂದು ಸಲ ಕೈ ಕೂತ್ಮೇಲೆ ಸುಮ್ನೆ ಇರಕ್ಕಾಗಲ್ವಲ್ಲ, ಹಂಗೇ 2024ರ ಡಿಯರ್‌ಬಾರ್ನ್ ಕಡೆ ಹೋದೆ. ಡೆಟ್ರಾಯಿಟ್ ಪಕ್ಕದ ಊರು, ಅರಬ್ ಮೂಲದೋರು ಜಾಸ್ತಿ, ಗಾಜಾ ವಿಷಯಕ್ಕೆ ಅಲ್ಲಿ ಅಷ್ಟು ಸಿಟ್ಟಿತ್ತು, ಊರಲ್ಲಿ ಟ್ರಂಪ್ ಹ್ಯಾರಿಸ್‌ಗಿಂತ ಮುಂದೆ ಬಂದ್ರು, ಅದೇ ಊರಲ್ಲಿ ಅದೇ ದಿನ 12ನೇ ಡಿಸ್ಟ್ರಿಕ್ಟಿನ ಡೆಮಾಕ್ರಾಟ್ ರಶೀದಾ ತ್ಲೈಬ್ ಕಾಂಗ್ರೆಸ್ ಓಟಲ್ಲಿ 60 ಪರ್ಸೆಂಟ್ ಮೇಲೆ ತಗೊಂಡ್ರು. ಒಂದೇ ಬ್ಯಾಲೆಟ್ಟು, ಒಂದೇ ಪೆನ್ನು. ಅದಕ್ಕೇ ಪ್ರೆಸಿಡೆಂಟ್ ಓಟನ್ನ ಮಾತ್ರ ಡಿಸ್ಟ್ರಿಕ್ಟ್‌ಗೆ ಹಂಚಿ "ಈ ಡಿಸ್ಟ್ರಿಕ್ಟ್ ಈ ಕಡೆ" ಅಂತ ತೀರ್ಪು ಕೊಡೋರನ್ನ ಕಂಡ್ರೆ ನಂಗೆ ಆಗಲ್ಲ. 12ನೇ ಡಿಸ್ಟ್ರಿಕ್ಟಲ್ಲಿ ಜನ ಏನು ಹೇಳಿದ್ರು ಅಂತ ಗೊತ್ತಾಗ್ಬೇಕಂದ್ರೆ ಬ್ಯಾಲೆಟ್ಟಲ್ಲಿ ಕೆಳಗಿರೋ ಹುದ್ದೆಗಳ ಓಟುಗಳನ್ನೂ ಓದ್ಬೇಕು.

2024ರಲ್ಲಿ ಡೆಮಾಕ್ರಾಟ್ಸ್ ಕಳ್ಕೊಂಡ ನಾಲ್ಕು ಹೌಸ್ ಸೀಟು, ಅಂದ್ರೆ 27, 44, 58, 109, ಇವನ್ನೂ ಇದೇ ಸೇರಲ್ಲಿ ಹಾಕಿ ನೋಡ್ದೆ. 109 ಮೇಲೆ ಅಪ್ಪರ್ ಪೆನಿನ್ಸುಲಾದಲ್ಲಿ, ಕಾಂಗ್ರೆಸ್ಸಿನ 1ನೇ ಡಿಸ್ಟ್ರಿಕ್ಟು. 44 ಬ್ಯಾಟಲ್ ಕ್ರೀಕ್, 4ನೇದು. 58 ಸ್ಟರ್ಲಿಂಗ್ ಹೈಟ್ಸ್ ಕಡೆ, 10ನೇದು. 27 ಡೆಟ್ರಾಯಿಟ್ ಕೆಳಗಿನ ಡೌನ್‌ರಿವರ್. ಒಂದು ಮೂಲೇಲಿ ಆಗಿದ್ದಲ್ಲ, ಎರಡು ಡೆಟ್ರಾಯಿಟ್ ಸುತ್ತಮುತ್ತ, ಇನ್ನೆರಡು ರಾಜ್ಯದ ಬೇರೆ ಬೇರೆ ಕಡೆ. ಕಾಂಗ್ರೆಸ್ಸಲ್ಲಿ ಅದೇ ಸಲ ಪಾರ್ಟಿ ಬದಲಾಗಿದ್ದು ಲ್ಯಾನ್ಸಿಂಗಿನ 7ನೇದು ಒಂದೇ, ಡೆಮಾಕ್ರಾಟ್ ಎಲಿಸ್ಸಾ ಸ್ಲಾಟ್ಕಿನ್ ಅಮೆರಿಕದ ಸೆನೆಟ್‌ಗೆ ನಿಂತು ಖಾಲಿ ಮಾಡಿದ ಸೀಟು ರಿಪಬ್ಲಿಕನ್ ಟಾಮ್ ಬ್ಯಾರೆಟ್‌ಗೆ ಹೋಯ್ತು, ಆ ನಾಲ್ಕು ಹೌಸ್ ಸೀಟಲ್ಲಿ ಒಂದೂ ಅಲ್ಲಿಲ್ಲ. ಬರೀ ಸೀಟ್ ಎಣಿಸೋರಿಗೆ ಇದು ಅರ್ಥಾನೇ ಆಗಲ್ಲ, ಓಟು ಎಣಿಸ್ಬೇಕು.

ನೋವೈ, ಕ್ಯಾಂಟನ್ ಕಡೆ ಇರೋ ನಮ್ಮ ಜನಕ್ಕೆ ಇದನ್ನ ತೋರಿಸಿದಾಗ ಮೊದಲು ಕೇಳೋದು 13ನೇ ಡಿಸ್ಟ್ರಿಕ್ಟು, ಬೆಳಗಾವಿಯಲ್ಲಿ ಬೆಳೆದ ಶ್ರೀ ಥಾನೇದಾರ್ ಅವರದ್ದು ಅಂತ. ಅವ್ರೂ ಕಾಂಗ್ರೆಸ್ಸಿಗೆ ಹೋಗೋ ಮುಂಚೆ ಸ್ಟೇಟ್ ಹೌಸಲ್ಲೇ ಇದ್ದೋರು. ಆದ್ರೆ ನೋವೈ, ಕ್ಯಾಂಟನ್ ಎರಡೂ 6ನೇದ್ರಲ್ಲಿ, ಡೆಬ್ಬಿ ಡಿಂಗೆಲ್ ಅವರ ಡಿಸ್ಟ್ರಿಕ್ಟು, ಟ್ರಾಯ್ ಕಡೆಯೋರು 11ನೇದ್ರಲ್ಲಿ. ಹತ್ತು ಹದಿನೈದು ವರ್ಷದಿಂದ ಇಲ್ಲಿ ಓಟ್ ಹಾಕ್ತಿರೋ ಎಷ್ಟೋ ಜನಕ್ಕೆ ತಮ್ಮ ಹೌಸ್ ಡಿಸ್ಟ್ರಿಕ್ಟ್ ನಂಬರ್ ಗೊತ್ತಿರಲಿಲ್ಲ, ಶೀಟಲ್ಲಿ ತಮ್ಮ ಪ್ರಿಸಿಂಕ್ಟ್ ಹುಡುಕಿ ಬರ್ಕೊಂಡು ಹೋದ್ರು, ಅದು ನಂಗೆ ತುಂಬಾ ಖುಷಿ ಕೊಡ್ತು.

ಎರಡನೇ ಚಳಿಗಾಲದ ಖರ್ಚು ಕರೆಂಟು ಕಾಫಿ ಬಿಟ್ರೆ ಏನೂ ಇಲ್ಲ. ಈ ದಾರೀಲಿ ಹೋಗೋರು ಮೊದಲು 2022 ಮಾಡ್ಕೊಳಿ, 2024ರಲ್ಲಿ ಅರ್ಲಿ ವೋಟಿಂಗ್ ಸೈಟುಗಳ (ಎಲೆಕ್ಷನ್ ದಿನಕ್ಕೆ ಮುಂಚೆನೇ ಓಟ್ ಹಾಕೋ ಜಾಗಗಳು) ಓಟು ಬೇರೆ ಸೇರ್ಕೊಂಡು ಇನ್ನೊಂದು ಗೋಜಲು ಇದೆ, ನಂಗೂ ಅಲ್ಲಿ ಎರಡು ಕೌಂಟಿ ಕೈಯಲ್ಲೇ ಕೂಡಬೇಕಾಯ್ತು. ಇನ್ನು ಸ್ಟೇಟ್ ಸೆನೆಟ್ ಬಾಕಿ ಇದೆ, 38 ಸೀಟು, ಕೋರ್ಟ್ ಹೇಳಿದ ಹೊಸ ಗೆರೆ ಅಲ್ಲಿಗೆ 2026ರಿಂದ. 2022ರ ಸೆನೆಟ್ ಓಟನ್ನ ಈಗಾಗ್ಲೇ 13ಕ್ಕೂ ಹಂಚಿ ಇಟ್ಟಿದೀನಿ.